ತವರಿನ ಹೆಸರು

ಪತ್ರ ಬಂದದ್ದು ಮಂಗಳವಾರ, ಕಸದ ಗಾಡಿಯ ಹಿಂದೆಯೇ.
'ವಿಷಾದಿಸುತ್ತೇವೆ' ಎಂದು ಶುರು, 'ತಮ್ಮ ವಿಶ್ವಾಸಿ' ಎಂದು ಮುಕ್ತಾಯ,
ನಡುವೆ ಕಳುವಾದದ್ದರ ಯಾದಿ:
ಹುಟ್ಟಿದ ದಿನ, ಪಾಸ್‌ಪೋರ್ಟಿನ ನಂಬರು,
ಹೋದ ಆಗಸ್ಟಿನಲ್ಲಿ ಜೀಲಾಂಗಿನ ಆಸ್ಪತ್ರೆಯಲ್ಲಿ
ನಿಲ್ಲದೆ ಹೋದ ಬಸಿರು,
ಅದಕ್ಕೊಂದು ಕೋಡು, ಅಕ್ಷರ ಒಂದು ಅಂಕಿ ಮೂರು.
ಕೊನೆಗೆ, ಇರುವೆ ಸಾಲಿನಂಥ ಅಕ್ಷರದಲ್ಲಿ,
'ಭದ್ರತಾ ಪ್ರಶ್ನೆಗೆ ತಾವು ಕೊಟ್ಟ ಉತ್ತರ.'

ಪ್ರಶ್ನೆ ನೆನಪಿದೆ. ತಾಯಿಯ ಮದುವೆಗೆ ಮುಂಚಿನ ಹೆಸರು.

ಅವರು ಕೇಳಿದ್ದು ಮನೆತನದ ಹೆಸರು.
ನನಗೆ ತಿಳಿದದ್ದು ಬೇರೆ.
ನಮ್ಮ ಕಡೆ ಮದುವೆಯ ದಿನ
ತಾಟಿನ ತುಂಬ ಅಕ್ಕಿ ಹರವಿ
ಗಂಡನಾದವನು ಉಂಗುರದಿಂದ ಹೊಸ ಹೆಸರು ಗೀಚುತ್ತಾನೆ.
ಹಳೆಯದು ಎಲ್ಲಿಗೆ ಹೋಯಿತೆಂದು ಯಾರೂ ಕೇಳುವುದಿಲ್ಲ.
ಅಕ್ಕಿ ಮರುದಿನ ಅನ್ನವಾಗುತ್ತದೆ.

ಅಪ್ಪ ಕೂಗಿದ್ದು ಹೊಸದನ್ನೇ,
ಕೂಗಿದ್ದೂ ಅಪರೂಪ, 'ಏ, ಕೇಳಿಲ್ಲಿ' ಸಾಕಿತ್ತು.
ರೇಶನ್ ಕಾರ್ಡಿನಲ್ಲಿ ಹೊಸದು, ಮತದಾರರ ಪಟ್ಟಿಯಲ್ಲಿ ಹೊಸದು,
ಮರಣದ ದಾಖಲೆಯಲ್ಲೂ.
ಹಳೆಯದು ನನ್ನ ಕಿವಿಗೆ ಬಿದ್ದದ್ದು ಒಂದೇ ಸಲ.
ಗದಗಿನ ಬಸ್ ಸ್ಟ್ಯಾಂಡಿನಲ್ಲಿ, ಮುಪ್ಪಾದ ಯಾರೋ ಹೆಂಗಸು
ಜನರಾಚೆಯಿಂದ ಕರೆದಳು.
ಅವ್ವ ತಿರುಗಿದ ಆ ಪರಿ:
ಕುಂಟಾಬಿಲ್ಲೆಯ ಮನೆಯೊಳಗೆ ನಿಂತ ಲಂಗದ ಹುಡುಗಿ
ಒಂಟಿ ಕಾಲಲ್ಲೇ ತಿರುಗಿದ ಹಾಗೆ.
ಬಸ್ಸು ಹತ್ತಿದ ಮೇಲೆ ಹೇಳಿದಳು, 'ಮನ್ಯಾಗ ಅನಬ್ಯಾಡ.'

ಅನಲಿಲ್ಲ. ಮೂವತ್ತು ವರ್ಷ.
ವಿಮಾ ಕಂಪನಿಯ ಖಾನೆಯೊಂದರಲ್ಲಿ ಮಾತ್ರ ಬರೆದೆ.
ಬರೆದಂತೆ ಬರೆದಂತೆ ಅಕ್ಷರ ಮರೆಯಾಗಿ ಕರಿ ಚುಕ್ಕೆಯಾದವು,
ಸಾಸಿವೆ ಕಾಳಿನ ಹಾಗೆ.
ಜೋಪಾನವಾಯಿತು ಅಂದುಕೊಂಡೆ.

ಈಗ ಅದು ದೀಪ ಹಚ್ಚದ ಸಂತೆಯಲ್ಲಿದೆ.
ಮಾರುವವನಿಗೆ ಮುಖವಿಲ್ಲ, ಕೊಳ್ಳುವವನಿಗೂ ಇಲ್ಲ,
ತಕ್ಕಡಿಯ ಸದ್ದಿಲ್ಲ, ಚೌಕಾಶಿಯ ಗದ್ದಲವಿಲ್ಲ.
ಸಾವಿರ ಜನರ ಗಂಟಿಗೆ ಹನ್ನೊಂದು ಡಾಲರಂತೆ.
ಪಾಲು ಹಾಕಿ ನೋಡಿದೆ: ತಲೆಗೆ ಒಂದು ಸೆಂಟು, ಮೇಲೊಂದು ಚೂರು.
ಅಷ್ಟರಲ್ಲೇ ಬಸಿರೂ ಬಂತು, ಅವ್ವನೂ ಬಂದಳು.

ಪಕ್ಕದ ಮನೆಯ ಬ್ರೋನ್‌ವಿನ್‌ಗೂ ಬಂದಿದೆ ಪತ್ರ.
ಬೇಲಿಗೆ ಮೊಣಕೈಯೂರಿ ನಗುತ್ತಾಳೆ:
'ನಮ್ಮಮ್ಮನ ಹೆಸರು ನಲವತ್ತು ವರ್ಷದಿಂದ ಗೋರಿಕಲ್ಲಿನ ಮೇಲಿದೆ,
ಬೇಕಾದವರು ಓದಿಕೊಳ್ಳಲಿ.'
ಕಲ್ಲಿಗೆ ಕೆತ್ತಿದ್ದನ್ನು ಕದಿಯಲಾಗದು.
ಅದು ಹೊಳೆದಿರಲಿಲ್ಲ ನನಗೆ.

ಫೋನು ಹಚ್ಚಿದೆ. ನಲವತ್ತು ನಿಮಿಷ ಪಿಟೀಲು.
ಆಮೇಲೆ ಡೆಕ್ಲನ್ ಎಂಬ ಹುಡುಗ, ನೆಗಡಿಯ ದನಿ:
'ನೀವು ನೀವೇ ಎಂದು ಖಾತ್ರಿಯಾಗಬೇಕು ಮೇಡಂ.
ತಾಯಿಯ ಮದುವೆಗೆ ಮುಂಚಿನ ಹೆಸರು?'
ಕಳುವಾದದ್ದು ಅದೇ ಅಲ್ಲವೇನಪ್ಪ, ಎಂದೆ.
'ಹೌದು ಮೇಡಂ,' ಎಂದ. 'ಆದರೂ.'

ಅಡುಗೆಮನೆಯ ಬಾಗಿಲು ಹಾಕಿಕೊಂಡೆ,
ಮನೆಯಲ್ಲಿ ಯಾರೂ ಇರಲಿಲ್ಲ.
ಹೇಳಿದೆ.
ಅವನಿಗೆ ತಿಳಿಯಲಿಲ್ಲ, ಬಿಡಿಸಿ ಹೇಳಿ ಎಂದ.
ಮೂರಕ್ಷರದ ಹೆಸರನ್ನು ಇಂಗ್ಲಿಷಿನ ಏಳು ಚೂರು ಮಾಡಿ
ಒಂದೊಂದೇ ಕೊಟ್ಟೆ,
ಅವನು ಒಂದೊಂದೇ ಮರಳಿ ಒಪ್ಪಿಸಿದ, ತಪ್ಪಿಲ್ಲದೆ.
ಅಪ್ಪನೂ ಆಡದ ಹೆಸರು,
ಕೊರಿಯೊ ಕೊಲ್ಲಿಯ ದಂಡೆಯ ಊರಿನಲ್ಲಿ,
ಮೂಗು ಕಟ್ಟಿದ ಗಂಡು ಹುಡುಗನ ಬಾಯಲ್ಲಿ.

'ಇನ್ನು ಉತ್ತರ ಬದಲಿಸಿಬಿಡಿ. ಏನಾದರೂ ನಡೆದೀತು,
ನಿಜವೇ ಆಗಬೇಕೆಂದಿಲ್ಲ.'

ಖಾಲಿ ಖಾನೆ ಕಣ್ಣು ಮಿಟುಕಿಸುತ್ತ ಕಾದಿತ್ತು.
ಬೆರಳಿನ ಉಂಗುರ ಕೀಲಿಮಣೆಗೆ ತಾಗಿ ಟಿಕ್ಕೆಂದಿತು.
ಅವ್ವನ ಹೆಸರನ್ನು ಎರಡನೆಯ ಸಲ ಬದಲಿಸಿದವಳು ನಾನು.
ಸಾಸಿವೆ ಕಾಳು, ಒಂಬತ್ತು.
ಕೆಳಗೆ ಹಸಿರು ಗೆರೆಯೊಂದು ಎಳೆದುಕೊಂಡಿತು:
'ಬಲವಾಗಿದೆ.'